ಮರಳು ಕೊಟ್ಟ ಭಾಷೆ

ಇರುಳು ಎರಡೂವರೆ. ದಾವಣಗೆರೆ ಮಗ್ಗುಲು ಬದಲಿಸುವ ಹೊತ್ತು.
ಭಟ್ಟಿಯ ಬಾಯಿಗೆ ಹೊಟ್ಟು ಸುರಿಯುತ್ತ
ಹುಸೇನಬಿ ಖಾಲಾ ಒಂದು ಲೋಕ ಹುಟ್ಟಿಸುತ್ತಾಳೆ,
ಮೊಮ್ಮಗ ದಸ್ತಗೀರ ಬಾಂಡ್ಲಿ ಮುಟ್ಟದಿರಲೆಂದು.
ಜರಡಿ ಹಿಡಿದು ಎದುರಿಗೆ ನಾನು.
ಸಂದು ಸಿಕ್ಕಲ್ಲಿ ನನ್ನದೂ ಒಂದೆರಡು ಸುಳ್ಳು ಸೇರಿಸುತ್ತೇನೆ.

ಆ ಲೋಕದ ಹೆಸರು ಅರಳುಸೀಮೆ.
ಮೊದಲು ಅಲ್ಲಿ ಹಗಲಿರಲಿಲ್ಲ. ಇದ್ದದ್ದು ಮೂವರೇ:
ಹಸಿದ ಬೆಂಕಿ,
ಬಾಯಿ ಬಿಗಿದ ಕಾಳು,
ಯಾರಿಗೂ ಬೇಡದ ಮರಳು.

ಬೆಂಕಿ ಅಂದಿತು: ನಾ ಮುಟ್ಟಿದ್ದೆಲ್ಲ ಬೂದಿ,
ಒಬ್ಬರಾದರೂ ನನ್ನ ಕೂಡ ಉಳೀಬಾರದಾ?
ಕಾಳು ಅಂದಿತು, ಸಿಪ್ಪೆಯೊಳಗಿಂದಲೇ:
ನನ್ನೊಳಗೊಂದು ಬಿಳುಪು ಐತಿ, ತೋರಿಸಾಕೆ ನಿನ್ನ ಕಾವು ಬೇಕು,
ನಿನ್ನ ಬಾಯಿ ಬೇಡ.
ಸಾವಿರ ವರ್ಷ ಹೀಗೇ ಚೌಕಾಸಿ.
"ಸಾವಿರ ಅಂದರೆ ಎಷ್ಟು ಚೀಲ?" ದಸ್ತಗೀರ.
"ಲಾರಿ ತುಂಬ," ಅಂದೆ.

ಕೊನೆಗೆ ಮರಳು ಎದ್ದು ಬಂದು ನಡುವೆ ಕೂತಿತು.
ನಿನ್ನ ಉರಿ ನನಗೆ ಕೊಡು, ಅಂದಿತು ಬೆಂಕಿಗೆ,
ನಾನು ಸುಟ್ಟುಕೊಳ್ಳುತ್ತೇನೆ, ಸುಡುವುದಿಲ್ಲ.
ನೀನು ನನ್ನೊಳಗೆ ಹೊರಳು, ಅಂದಿತು ಕಾಳಿಗೆ,
ಎಣಿಸಿ ಹತ್ತು ಉಸಿರು. ಅಷ್ಟರಲ್ಲಿ ಅರಳು.
ಅರಳಿದ್ದರಲ್ಲಿ ಒಂದನ್ನೂ ನಾನು ಇಟ್ಟುಕೊಳ್ಳುವುದಿಲ್ಲ,
ಜರಡಿಯ ಕಣ್ಣಲ್ಲಿ ಇಳಿದು, ಬರಿಗೈಲಿ,
ಮತ್ತೆ ಬಾಂಡ್ಲಿಗೆ ಮರಳುತ್ತೇನೆ.
ಮರಳುತ್ತೇನೆ ಅಂತಲೇ ನನಗೆ ಆ ಹೆಸರು.

ಈ ಕೊನೆ ಸಾಲು ನನ್ನದು. ಖಾಲಾ ನಕ್ಕಳು:
"ತಿಪ್ಪಮ್ಮಾ, ನಮ್ಮ ಮನೇಲಿ ಅದಕ್ಕೆ ರೇತಿ ಅಂತೀವಿ.
ರೇತಿಗೆ ಇಷ್ಟು ಬುದ್ಧಿ ಇಲ್ಲ ನೋಡು. ಇರಲಿ, ಹೇಳು."

ಕಾಗದವಿರಲಿಲ್ಲ ಅಲ್ಲಿ. ಭಾಷೆ ಕೊಟ್ಟರು.
ಮೊದಲ ಕಾಳು ಚಟ್ಟೆಂದದ್ದು ಆ ಸೀಮೆಯ ಮೊದಲ ಮಾತು,
ಎರಡನೆಯದು ಮೊದಲ ಚುಕ್ಕಿ,
ಆಮೇಲೆ ಲೆಕ್ಕ ತಪ್ಪಿ ಆಕಾಶವೇ ಬೆಳ್ಳಗಾಯಿತು.
ಅಂದಿನಿಂದ ಅಲ್ಲಿ ದೇವರ ಮೇಲೆ ಯಾರೂ ಆಣೆ ಇಡುವುದಿಲ್ಲ.
ಬಿಸಿ ಮರಳು ಒಂದು ಹಿಡಿ ಹಿಡಿದು ಮಾತು ಕೊಡುತ್ತಾರೆ.
ಅದಕ್ಕೇ ಚುಟುಕಾಗಿ ಕೊಡುತ್ತಾರೆ.

ಆ ವಾರ ಹೊಟ್ಟಿನ ರೇಟು ಏರಿತ್ತು.
ಮಾಲೀಕರ ಗಾಡಿ ಬಂದು ಹಳೇ ಟೈರು ಉರುಳಿಸಿ ಹೋಯಿತು.
ಬೆಂಕಿ ಅದನ್ನೂ ತಿಂದಿತು. ತಿನ್ನುವುದು ಅದರ ಹಣೆಬರಹ.
ಕರಿ ಹೊಗೆ ಸೂರಿಗೆ ಬಡಿದು ಕೆಳಗಿಳಿಯಿತು,
ಖಾಲಾಳ ಕೆಮ್ಮು ಕತೆಯನ್ನು ಮುರಿಮುರಿದು ಹಾಕಿತು.
ದಸ್ತಗೀರ ಕಣ್ಣುಜ್ಜಿಕೊಳ್ಳುತ್ತ ಕೇಳಿದ:
"ಭಾಷೆ ಕೊಡುವಾಗ ಟೈರಿನ ಮಾತು ಬಂದಿತ್ತಾ?"

ಬಂದಿರಲಿಲ್ಲ.

ಸ್ವಲ್ಪ ಹೊತ್ತು ಇಬ್ಬರೂ ಮರಳನ್ನೇ ನೋಡಿದೆವು.
ಅದು ಮಾತ್ರ ತನ್ನ ಪಾಲಿನದು ಮಾಡುತ್ತಿತ್ತು,
ಮಸಿ ಮೆತ್ತಿದ ಮೈಯಲ್ಲೇ
ಬೆಳ್ಳನೆ ಮಂಡಕ್ಕಿ ಎತ್ತೆತ್ತಿ ಕೊಡುತ್ತಿತ್ತು.
ಖಾಲಾ ಮುಂಗೈ ಚಾಚಿದಳು.
ಮೂವತ್ತು ವರ್ಷದ ಸುಟ್ಟ ಗುರುತು, ಹುಣಸೆ ಬೀಜದಷ್ಟು.
"ಇಗೋ, ಮರಳಿನ ಹೆಬ್ಬೆಟ್ಟು.
ಬೆಂಕಿ ಮರೆತರೂ ನಾ ಮರೆತಿಲ್ಲ ಅಂತ
ಒತ್ತಿ ಹೋಗೈತಿ."
ಹುಡುಗ ಅದನ್ನು ಒಮ್ಮೆ ಮುಟ್ಟಿ ನೋಡಿ
ಚೀಲಗಳ ಮೇಲೆ ನಿದ್ದೆ ಹೋದ.

ಐದರ ಬಸ್ಸಿನ ಹಾರ್ನು ಕೇಳಿದಾಗ
ಎರಡನೇ ಜರಡಿಯ ಕೆಳಗೆ ಉಳಿದಿದ್ದವು
ಅರಳದ ಗಟ್ಟಿ ಕಾಳು, ಒಂದು ಬೊಗಸೆ.
ಭಾಷೆಯನ್ನು ನಂಬದವು ಅವು, ಅನ್ನುತ್ತಾಳೆ ಖಾಲಾ.
ನನಗೆ ಹಾಗನ್ನಿಸುವುದಿಲ್ಲ.
ಆ ಸಾವಿರ ವರ್ಷದಲ್ಲಿ ಅವನ್ನು ಯಾರೂ ಕೇಳಲೇ ಇಲ್ಲವಲ್ಲ.
ಒಂದನ್ನು ಕಡಿದೆ. ಕಟುಮ್ಮಂದಿತು. ಉಪ್ಪುಪ್ಪು.
ಉಳಿದವನ್ನು ಸೆರಗಿಗೆ ಗಂಟು ಹಾಕಿಕೊಂಡೆ.
ನಾಳೆ ರಾತ್ರಿ ಅರಳುಸೀಮೆಯಲ್ಲಿ
ಇವಕ್ಕೊಂದು ಓಣಿ ಮಾಡಬೇಕು.